ಕರಿಗುಡ್ಡ ಐರವ್ವನ ಗುಡ್ಡವಾದದ್ದು

ಹುಲಿಗನಾಳದಿಂದ ಹೊರಬಿದ್ದು, ರೈಲು ಹಳಿ ದಾಟಿ, ಎರೆಹೊಲಗಳ ಬದುವಿನ ಮೇಲೆ ತೆಂಕಣಕ್ಕೆ ನಡೆದರೆ ಒಂದು ಗುಡ್ಡ ಎದುರಾಗುತ್ತದೆ. ಗುಡ್ಡವೆಂದರೆ ಈಗ ಅರ್ಧ ಗುಡ್ಡ. ಅದರ ಮೂಡಣ ಮಗ್ಗುಲನ್ನು ರೊಟ್ಟಿ ಮುರಿದಂತೆ ಮುರಿದುಕೊಂಡು ಹೋಗಿದ್ದಾರೆ. ಮುರಿದ ಜಾಗದಲ್ಲಿ ನಿಂತು ಕೂಗಿದರೆ ಕೂಗು ಬಂಡೆಗೆ ಬಡಿದು ತಿರುಗಿ ಬರುತ್ತದೆ. ಅಲ್ಲೇ ಬುಡದಲ್ಲಿ ಒಂದು ಬನ್ನಿಗಿಡ, ಗಿಡದ ಕೆಳಗೆ ನೆಲಕ್ಕೆ ಹಾಸಿದ ಬೂದುಬಣ್ಣದ ಒಂದು ಕಲ್ಲು. ಕಲ್ಲಿನ ಮೇಲೆ ನಾಲ್ಕೇ ಇಂಗ್ಲಿಷ್ ಅಕ್ಷರಗಳಿವೆ, ಇಸವಿಯಿಲ್ಲ, ತಂದೆಯ ಹೆಸರಿಲ್ಲ. ಹತ್ತಿ ಬಿಡಿಸುವ ಕಾಲದಲ್ಲಿ ಹೋದವರಿಗೆ ಆ ಅಕ್ಷರಗಳೂ ಕಾಣುವುದಿಲ್ಲ, ಏಕೆಂದರೆ ಊರ ಹೆಂಗಸರು ಅದರ ತುಂಬ ಅರಳೆ ಇಟ್ಟಿರುತ್ತಾರೆ. ಸರಕಾರದ ನಕಾಶೆಯಲ್ಲಿ ಈ ಗುಡ್ಡಕ್ಕೆ ಬೇರೇನೋ ನಂಬರು ಇದೆಯಂತೆ. ನಮಗೆ ಇದು ಐರವ್ವನ ಗುಡ್ಡ.

ಈ ಹೆಸರಿನ ಬಗ್ಗೆ ಕಂಡಕಂಡವರು ಕಂಡದ್ದು ಹೇಳುತ್ತಾರೆ. ಹಿಂದೊಬ್ಬ ಶಾಸ್ತ್ರಿಗಳು ಬಂದವರು, ದೇವೇಂದ್ರನ ಐರಾವತ ಇಲ್ಲಿ ಬೆನ್ನು ತಿಕ್ಕಿಕೊಂಡು ಹೋಯಿತು, ಅದಕ್ಕೇ ಗುಡ್ಡ ಅರ್ಧವಾಯಿತು ಎಂದು ಸಾರಿ, ದಕ್ಷಿಣೆ ತೆಗೆದುಕೊಂಡು ಹೋದರು. ಈಗಿನ ಹುಡುಗರು ಮೊಬೈಲು ಹಿಡಿದುಕೊಂಡು ಬಂದು, ಇಲ್ಲಿ ಬಿಳಿ ಹುಡುಗಿಯ ದೆವ್ವ ಇದೆ ಎಂದು ಕೂಗಾಡುತ್ತಾರೆ. ಅಯ್ಯೋ ನಿಮ್ಮ! ಆ ಕಲ್ಲಿನ ಕೆಳಗೆ ಬಿಳಿ ಹುಡುಗಿ ಇದ್ದರೆ ತಾನೇ ದೆವ್ವವಾಗುವುದಕ್ಕೆ? ಹತ್ತಿ ಜಿನ್ನಿನ ಕಾರ್ಖಾನೆಯಲ್ಲಿ ಅರಳೆಯ ಧೂಳು ಕುಡಿದು ತಲೆ ಬೆಳ್ಳಗೆ ಮಾಡಿಕೊಂಡವನು ನಾನು. ನನಗೆ ಶಾಸ್ತ್ರ ತಿಳಿಯದು. ಆದರೆ ನನ್ನ ಮುತ್ತಜ್ಜಿ ಆ ಹೊತ್ತು ಅಲ್ಲಿ ನಿಂತಿದ್ದವಳು. ಅವಳು ನನ್ನ ಅಜ್ಜಿಗೆ ಹೇಳಿದ್ದನ್ನು, ಅಜ್ಜಿ ನನಗೆ ಹೇಳಿದ್ದನ್ನು, ಒಂದು ಮಾತೂ ಬಿಡದೆ ಹೇಳುತ್ತೇನೆ. ಕೇಳುವಂತಿದ್ದರೆ ಕುಳಿತು ಕೇಳಬೇಕು.

ಹಿಂದೆ ಒಮ್ಮೆ, ಈ ಸೀಮೆಗೆ ರೈಲು ಹಳಿ ಹಾಕುತ್ತಿದ್ದ ಕಾಲದಲ್ಲಿ, ಈ ಗುಡ್ಡಕ್ಕೆ ಕರಿಗುಡ್ಡ ಎಂದೇ ಹೆಸರಿತ್ತು. ನೆಲ ಕಪ್ಪು, ಗುಡ್ಡವೂ ಕಪ್ಪು. ಬೇರೆ ಹೆಸರು ಬೇಕೆಂದು ಯಾರಿಗೂ ಅನ್ನಿಸಿರಲಿಲ್ಲ. ಹಳಿಯ ಕೆಳಗೆ ಹಾಸಲು ಖಡಿಕಲ್ಲು ಬೇಕಾಗಿ ಗುಡ್ಡ ಒಡೆಯತೊಡಗಿದರು. ಕಲ್ಲು ಒಡೆಸುವ ಮೇಲ್ವಿಚಾರಣೆಗೆ ಪ್ರಾಸರ್ ಎಂಬ ಬಿಳಿಯ ಬಂದ. ಊರವರು ಅವನನ್ನು ಕಲ್ಲುಸಾಹೇಬ ಎಂದರು. ಅವನನ್ನು ಇಂಗ್ಲಿಷಿನವನು ಎಂದರೆ ಮುಖ ಕೆಂಪಗೆ ಮಾಡಿಕೊಳ್ಳುತ್ತಿದ್ದನಂತೆ. ತನ್ನದು ವೇಲ್ಸ್ ಎಂಬ ಬೇರೆ ನಾಡು, ಬೇರೆ ಮಾತು, ಅಲ್ಲಿಯೂ ಅಪ್ಪ ಅಜ್ಜಂದಿರೆಲ್ಲ ಗುಡ್ಡದ ಕಲ್ಲು ಸೀಳಿಯೇ ಉಂಡವರು ಎನ್ನುತ್ತಿದ್ದ. ಬರುವ ದಾರಿಯಲ್ಲಿ ಹಡಗಿನ ಮೇಲೆಯೇ ಅವನ ಹೆಂಡತಿ ತೀರಿಕೊಂಡಿದ್ದಳು. ಉಳಿದವಳು ಒಬ್ಬಳೇ ಮಗಳು, ಹಲ್ಲು ಬಿದ್ದು ಹುಟ್ಟುವ ವಯಸ್ಸಿನವಳು. ಹೆಸರು ಐರಾ. ಆ ಮಗುವನ್ನು ನೋಡಿಕೊಳ್ಳಲು ಹುಲಿಗನಾಳದ ಫಕೀರವ್ವನನ್ನು ಗೊತ್ತುಮಾಡಿದರು.

ಫಕೀರವ್ವನ ಹಣೆಬರಹವನ್ನು ಇಲ್ಲಿ ಹೇಳಲೇಬೇಕು. ಅವಳ ಚೊಚ್ಚಲ ಕೂಸಿಗೆ ಆಸೆಪಟ್ಟು ಮುತ್ತವ್ವ ಎಂದು ಹೆಸರಿಟ್ಟಿದ್ದಳು. ಅದು ತೊಟ್ಟಿಲಲ್ಲೇ ಹೋಯಿತು. ಎರಡನೆಯದಕ್ಕೆ ಚಂದ್ರವ್ವ ಎಂದಿಟ್ಟಳು. ಅದೂ ನಡೆಯುವ ಮೊದಲೇ ಹೋಯಿತು. ನಮ್ಮ ಕಡೆ ಹೀಗಾದಾಗ ಏನು ಮಾಡುತ್ತಾರೆಂಬುದು ಎಲ್ಲರಿಗೂ ಗೊತ್ತು. ಸಾವು ಹೆಸರು ಹಿಡಿದು ಕರೆಯುತ್ತ ಬರುತ್ತದೆ, ಚೆಂದದ ಹೆಸರು ಕಂಡರೆ ನಿಲ್ಲುತ್ತದೆ, ಹೊಲಸು ಹೆಸರು ಕಂಡರೆ ಮೂಗು ಮುಚ್ಚಿಕೊಂಡು ಮುಂದೆ ಹೋಗುತ್ತದೆ ಎನ್ನುತ್ತಾರೆ. ಅದಕ್ಕೆ ಮೂರನೆಯ ಕೂಸನ್ನು ಸೂಲಗಿತ್ತಿ ಸಾತವ್ವ ಮೊರದಲ್ಲಿ ಹಾಕಿ ತಿಪ್ಪೆಯ ಮೇಲೆ ಉರುಳಿಸಿ, ಒಂದು ಹಿಡಿ ತೌಡಿಗೆ ಮಾರಿ, ಮತ್ತೆ ತಾಯಿಗೇ ಕೊಟ್ಟು, ತಿಪ್ಪವ್ವ ಎಂದು ಹೆಸರಿಟ್ಟಳು. ಆ ಕೂಸು ಬದುಕಿತು. ಐರಾಳ ಓರಗೆಯವಳಾಗಿ, ಗುಂಡುಗುಂಡಗೆ, ಬಾಯಿಬಡಕಿಯಾಗಿ ಬೆಳೆಯಿತು. ಫಕೀರವ್ವ ಆ ಹೆಸರನ್ನು ದಿನಕ್ಕೆ ನೂರು ಸಲ ಕರೆಯುತ್ತಿದ್ದಳಂತೆ, ಬಾಗಿಲಿಗೆ ಅಗುಳಿ ಹಾಕಿದೆಯೋ ಇಲ್ಲವೋ ಎಂದು ಮತ್ತೆ ಮತ್ತೆ ನೋಡುವವರ ಹಾಗೆ.

ಸಾಹೇಬನ ಬಂಗಲೆಯಲ್ಲಿ ಎರಡೂ ಹುಡುಗಿಯರು ಒಂದೇ ತಾಟಿನಲ್ಲಿ ಉಂಡು ಒಂದೇ ಚಾಪೆಯಲ್ಲಿ ಮಲಗುತ್ತಿದ್ದರು. ಐರಾ ನಮ್ಮ ಮಾತನ್ನು ಬೈಗಳ ಸಮೇತ ಕಲಿತುಬಿಟ್ಟಳು. ಹತ್ತಿ ಒಡೆದ ಕಾಲದಲ್ಲಿ ಒಂದು ಮುಂಜಾನೆ, ಹೊಲದ ಬದುವಿನಲ್ಲಿ ನಿಂತು, ಫಕೀರವ್ವ ಸಾಹೇಬನನ್ನು ಕೇಳಿದಳಂತೆ, ಮಗಳ ಹೆಸರಿಗೆ ಅರ್ಥವೇನೆಂದು. ಸಾಹೇಬ ತನ್ನ ಮುರುಕು ಕನ್ನಡದಲ್ಲಿ ಹೇಳಿದ: ತಮ್ಮ ನಾಡಿನಲ್ಲಿ ಚಳಿಗಾಲಕ್ಕೆ ಆಕಾಶದಿಂದ ಬೆಳ್ಳಗೆ ಒಂದು ಬೀಳುತ್ತದೆ, ಸದ್ದೇ ಇರುವುದಿಲ್ಲ, ಎದ್ದು ನೋಡಿದರೆ ಗುಡ್ಡ, ಮನೆ, ಗೋರಿ ಎಲ್ಲ ಒಂದೇ ಬಣ್ಣ. ಅದಕ್ಕೆ ತಮ್ಮ ಮಾತಿನಲ್ಲಿ ಐರಾ ಎನ್ನುತ್ತಾರೆ. ಈ ಮಗು ಹುಟ್ಟಿದ ಹೊತ್ತಿಗೆ ಅದು ಬಿದ್ದು, ತಮ್ಮ ಕಲ್ಲುಗಣಿಯ ಕರಿ ಊರು ಒಂದೇ ಸಲಕ್ಕೆ ಬೆಳ್ಳಗಾಗಿತ್ತು. ಕಿಟಕಿಯಲ್ಲಿ ಅದನ್ನು ಕಂಡು ತಾಯಿಯೇ ಇಟ್ಟ ಹೆಸರು ಅದು.

"ಅರಳಿ ಬಿದ್ದಂಗ ಬೀಳತೈತೇನ್ರಿ ಸಾಹೇಬ್ರ?" ಎಂದಳು ಫಕೀರವ್ವ.

"ಹೌದು. ಆದರೆ ತಣ್ಣಗೆ. ಕೈಯಲ್ಲಿ ಹಿಡಿದರೆ ನೀರು."

ಫಕೀರವ್ವ ಮನಸ್ಸಿನಲ್ಲೇ ಅಂದುಕೊಂಡಳು: ಕೈಯಲ್ಲಿ ಹಿಡಿದರೆ ಕರಗಿಹೋಗುವುದರ ಹೆಸರನ್ನು ಕೂಸಿಗೆ ಇಡುತ್ತಾರೆಯೇ? ಆದರೆ ಪಕ್ಕದಲ್ಲಿದ್ದ ತಿಪ್ಪವ್ವ ಕಣ್ಣು ಬಾಯಿ ಬಿಟ್ಟು ಕೇಳುತ್ತಿದ್ದಳು. ಅವಳು ಉಡಿಯಲ್ಲಿದ್ದ ಅರಳೆಯನ್ನೆಲ್ಲ ತಲೆಯ ಮೇಲೆ ಸುರಿದುಕೊಂಡು, ಕಣ್ಣು ಮುಚ್ಚಿ, "ನಾನೂ ಐರಾ" ಎಂದಳಂತೆ. ಆ ಹೆಸರಿನಲ್ಲಿ ಅಂಥದೇನೋ ಸೆಳೆತ ಇದೆ, ನೀವೇ ಒಮ್ಮೆ ಬಾಯಿಬಿಟ್ಟು ಹೇಳಿ ನೋಡಿ. ಎಲ್ಲಿಯೂ ಗಂಟಿಲ್ಲ, ಒತ್ತಿಲ್ಲ. ಉಸಿರು ಬಿಟ್ಟಷ್ಟು ಸಲೀಸು. ಓಣಿಯ ಹುಡುಗರು ಮೂಗು ಹಿಡಿದುಕೊಂಡು "ತಿಪ್ಪಿ ಬಂತು, ತಿಪ್ಪಿ ಬಂತು" ಎಂದು ಕಾಡುತ್ತಿದ್ದ ಹುಡುಗಿಗೆ ಆ ಹೆಸರು ಹೇಗೆ ಕೇಳಿಸಿರಬೇಡ! ಅಂದಿನಿಂದ ತಾಯಿಯ ಸೆರಗು ಹಿಡಿದು ಒಂದೇ ರಗಳೆ: ನನ್ನ ಹೆಸರು ಬದಲು ಮಾಡು, ನನಗೂ ಚೆಂದದ್ದು ಬೇಕು. ಫಕೀರವ್ವ ರಮಿಸಿದಳು, ಗದರಿದಳು, ಕೊನೆಗೆ ಒಂದು ಏಟೂ ಕೊಟ್ಟಳು. ಏಕೆ ಬೇಡವೆಂದು ಮಾತ್ರ ಹೇಳಲಿಲ್ಲ. ಸತ್ತ ಅಕ್ಕಂದಿರ ಸುದ್ದಿಯನ್ನು ಬದುಕಿದ ಕೂಸಿನ ಮುಂದೆ ಹೇಳಬಾರದೆಂಬುದು ಅವಳ ಹಟ. ಹೇಳಿದ್ದರೆ ಚೆನ್ನಾಗಿತ್ತು ಎಂದು ನನ್ನ ಅಜ್ಜಿ ಪ್ರತಿ ಸಲ ಇಲ್ಲಿ ನಿಲ್ಲಿಸುತ್ತಿದ್ದಳು.

ಆ ವರ್ಷವೇ ಕಲ್ಲು ಒಡೆಯುವವರ ಗುಡಿಸಲುಗಳಲ್ಲಿ ಜ್ವರ ಹುಟ್ಟಿತು. ಮೊದಲು ವಡ್ಡರ ಕೂಸುಗಳು ಮಲಗಿದವು, ಆಮೇಲೆ ಐರಾ ಮಲಗಿದಳು. ದೂರದಿಂದ ಡಾಕ್ಟರು ಬಂದು ಔಷಧಿ ಕೊಟ್ಟು, ಸಾಹೇಬನ ಹೆಗಲು ತಟ್ಟಿ ಹೋದ. ಮಗು ಗೋಡೆಯ ಸುಣ್ಣದಂತಾಯಿತು. ಆಗ ಫಕೀರವ್ವ ತಡೆಯಲಾರದೆ ಸಾಹೇಬನ ಎದುರು ನಿಂತಳು. "ಆ ಹೆಸರು ತಗದು ಒಗೀರಿ ಸಾಹೇಬ್ರ. ನನ್ನ ಮಗಳನ್ನ ಉಳಿಸಿದ ಹೆಸರು ಐತಿ ನನ್ನ ಕಡೆ. ಅದನ್ನ ಇಕಿಗೂ ಹಾಕೋಣು. ನಿಮ್ಮ ಕಾಲಿಗೆ ಬೀಳತೀನಿ." ಸಾಹೇಬ ಮೊದಲು ಒಪ್ಪಲಿಲ್ಲ. ಹೆಂಡತಿಯದೆಂದು ಅವನ ಬಳಿ ಉಳಿದಿದ್ದದ್ದು ಅವಳಿಟ್ಟ ಆ ಹೆಸರೊಂದೇ. ಆದರೆ ಮಗಳ ಉಸಿರು ಎಳೆಯುತ್ತಿರುವುದನ್ನು ನೋಡುತ್ತ ಎಷ್ಟು ಹೊತ್ತು ಕೂರಲಾದೀತು? ಕೊನೆಗೆ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡು, "ಮಾಡು" ಎಂದ.

ಗುಡ್ಡದ ಬುಡದಲ್ಲಿ ಆಗ ಊರ ತಿಪ್ಪೆಯಿತ್ತು. ಬಿಸಿಲು ಇಳಿಯುವ ಹೊತ್ತಿಗೆ ಐರಾಳನ್ನು ಕಂಬಳಿಯಲ್ಲಿ ಸುತ್ತಿ ತಂದರು. ಸಾತವ್ವ ಅವಳನ್ನು ಮೆಲ್ಲಗೆ ಉರುಳಿಸಿ, ತೌಡಿಗೆ ಮಾರಿ, ಕಿವಿಯಲ್ಲಿ ತಿಪ್ಪವ್ವ ಎಂದು ಊದಿದಳು. ಹತ್ತಿ ಬಿಡಿಸಿ ಮನೆಗೆ ಹೊರಟಿದ್ದ ಹೆಂಗಸರು ಸುತ್ತ ನಿಂತಿದ್ದರು. ನನ್ನ ಮುತ್ತಜ್ಜಿ ಅವರಲ್ಲಿ ಒಬ್ಬಳು. ಇಷ್ಟಕ್ಕೆ ಮುಗಿಯಲಿಲ್ಲ. ಹುಟ್ಟಿದ ಕೂಸಿಗಾದರೆ ಹೆಸರೇ ಇರುವುದಿಲ್ಲ, ಚಿಂತೆಯಿಲ್ಲ. ಬೆಳೆದ ಮಗುವಿನಿಂದ ಕಿತ್ತ ಹೆಸರನ್ನು ಬೀದಿಯಲ್ಲಿ ಬಿಡುವಂತಿಲ್ಲ, ಕಲ್ಲಿಗೋ ಮರಕ್ಕೋ ಒಪ್ಪಿಸಬೇಕು. ಅದಕ್ಕೊಂದು ರೂಢಿ ಇತ್ತು. ಹೆಸರು ಕಿತ್ತವಳು ಸುತ್ತ ನಿಂತವರನ್ನು, ಈ ಹೆಸರು ಯಾರಿಗೆ ಬೇಕು ಎಂದು ಕೇಳುತ್ತಾಳೆ. ಯಾರೂ ತುಟಿ ಎರಡು ಮಾಡಬಾರದು. ಯಾರಿಗೂ ಬೇಡವಾದ ಮೇಲೆ ಅದು ಕಲ್ಲಿನ ಪಾಲು. ದೊಡ್ಡವರಿಗೆಲ್ಲ ಇದು ಗೊತ್ತಿತ್ತು. ಸಾತವ್ವ ಗುಡ್ಡದ ಬಂಡೆಗೆ ಬೆನ್ನು ಕೊಟ್ಟು ನಿಂತು ಕೇಳಿದಳು: "ಐರಾ ಅನ್ನೋ ಹೆಸರು ಐತಿ. ಯಾರಿಗೆ ಬೇಕು?"

ಹೆಂಗಸರ ಕಾಲುಗಳ ಸಂದಿನಿಂದ ಒಂದು ದನಿ ಬಂತು. "ನನಗ! ನನಗ ಬೇಕು!"

ತಿಪ್ಪವ್ವ ಅವರನ್ನೆಲ್ಲ ತಳ್ಳಿಕೊಂಡು ಮುಂದೆ ಬಂದು, ಹಬ್ಬದ ದಿನ ಬಳೆಗೆ ಕೈ ಚಾಚುವಂತೆ ಎರಡೂ ಕೈ ಚಾಚಿ ನಿಂತಿದ್ದಳು. ಅವಳ ಮುಖದಲ್ಲಿ ಅಷ್ಟು ಸಂತೋಷವನ್ನು ತಾನು ಎಂದೂ ಕಂಡಿರಲಿಲ್ಲ ಎಂದು ಮುತ್ತಜ್ಜಿ ಹೇಳುತ್ತಿದ್ದಳಂತೆ. ಫಕೀರವ್ವ ಹೌಹಾರಿ ಓಡಿಬಂದು ಮಗಳ ಬಾಯಿ ಮುಚ್ಚಿದಳು, ಕಾಲಡಿಯ ಮಣ್ಣು ತೆಗೆದು ನಿವಾಳಿಸಿದಳು, ಒಲ್ಲೆನೆನ್ನು ಒಲ್ಲೆನೆನ್ನು ಎಂದು ಅಲುಗಿಸಿದಳು. ಹುಡುಗಿ ಒಲ್ಲೆನೆನ್ನಲಿಲ್ಲ. ಬಾಯಿಬಿಟ್ಟು ಕೇಳಿ ಪಡೆದ ಹೆಸರನ್ನು ಹಿಂದಕ್ಕೆ ತೆಗೆಯುವುದು ತನಗೆ ತಿಳಿಯದು ಎಂದಳು ಸಾತವ್ವ.

ಬಿಳಿ ಹುಡುಗಿಯ ಜ್ವರ ಇಳಿಯಿತು. ಗಂಜಿ ಕುಡಿದಳು, ಎದ್ದು ಕುಳಿತಳು. ಅವಳು ಎದ್ದ ಮೇಲೆ ಫಕೀರವ್ವನ ಮಗಳು ಮಲಗಿದಳು. ಒಂದೇ ತಾಟಿನಲ್ಲಿ ಉಂಡ ಮಕ್ಕಳು. ಜ್ವರಕ್ಕೆ ಹೆಸರು ಓದಲು ಬರುತ್ತದೆಯೇ? ನಾನೂ ಅಷ್ಟು ತಿಳಿದವನೇ. ಆದರೆ ಅದನ್ನು ಫಕೀರವ್ವನ ಮುಂದೆ ನಿಂತು ಹೇಳುವ ಎದೆ ಯಾರಿಗಿತ್ತು? ಅವಳು ಮಗಳ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ತಿಪ್ಪವ್ವಾ, ತಿಪ್ಪವ್ವಾ ಎಂದು ಕರೆದೇ ಕರೆದಳು. ಹಳೆಯ ಹೆಸರಿಗೆ ಒಂದೇ ಒಂದು ಸಲ ಓ ಎಂದರೆ ಸಾಕು, ಮಗಳು ಉಳಿದಳು ಎಂದು ಅವಳ ನಂಬಿಕೆ. ಹುಡುಗಿ ಓ ಎನ್ನಲಿಲ್ಲ, ಗೋಡೆಯ ಕಡೆ ಮುಖ ತಿರುಗಿಸಿದಳು. "ಅದು ನನ್ನ ಹೆಸರಲ್ಲ" ಎಂದಳು. ಬಿಳಿ ಹುಡುಗಿ ಬಾಗಿಲಲ್ಲಿ ನಿಂತು, ಅವಳ ಹೊಸ ಹೆಸರಿನಿಂದ ಕರಿ, ಕರಿ ಎಂದು ಅಳುತ್ತಿದ್ದಳು. ಫಕೀರವ್ವ ಕರೆಯಲಿಲ್ಲ. ಆ ಹೆಸರನ್ನು ತಾನೇ ಬಾಯಿಬಿಟ್ಟು ಕರೆದರೆ ಮಗಳನ್ನು ತಾನೇ ಕೊಟ್ಟಂತೆ ಎಂದು ಹಲ್ಲು ಕಚ್ಚಿ ಕುಳಿತಳು. ದಿನಗಳು ಹೀಗೇ ಹೋದವು. ತಾಯಿ ಕರೆಯುವ ಹೆಸರಿಗೆ ಮಗಳು ಓ ಎನ್ನಲಿಲ್ಲ, ಮಗಳಿಗೆ ಬೇಕಾದ ಹೆಸರನ್ನು ತಾಯಿ ಕರೆಯಲಿಲ್ಲ. ಕೊನೆಗೆ ಕೈಕಾಲು ತಣ್ಣಗಾದವು, ಉಸಿರು ಮೇಲಕ್ಕೆ ಹತ್ತಿತು. ಇನ್ನು ಉಳಿಸಿಕೊಳ್ಳುವುದು ಏನೂ ಇಲ್ಲವೆಂದು ಗೊತ್ತಾದ ಮೇಲೆ ಫಕೀರವ್ವ ಬಾಗಿ ಮಗಳ ಕಿವಿಯಲ್ಲಿ, "ಐರಾ" ಎಂದಳು. ಹುಡುಗಿ ಕಣ್ಣು ತೆರೆದಳು. "ಓ ಯವ್ವಾ" ಎಂದಳು. ಅಷ್ಟೇ ಮಾತು, ಮತ್ತೆ ಇಲ್ಲ.

ಅವಳನ್ನು ಗುಡ್ಡದ ಬುಡದಲ್ಲಿ ಮಣ್ಣು ಮಾಡಿದರು. ತಿಪ್ಪೆಯನ್ನು ಊರಿನ ಆಚೆ ಬದಿಗೆ ಸಾಗಿಸಿದರು. ಕಲ್ಲುಸಾಹೇಬ ಆಳುಗಳನ್ನು ಮುಟ್ಟಗೊಡದೆ, ತಾನೇ ಬಂಡೆ ಸೀಳಿ, ತಾನೇ ನುಣುಪು ಮಾಡಿ, ಯಾವ ಹೆಸರು ಕೊರೆಯಲಿ ಎಂದು ಫಕೀರವ್ವನನ್ನು ಕೇಳಿದ. "ಅಕಿ ಕೇಳಿ ಇಸಗೊಂಡ ಹೆಸರು" ಎಂದಳು ಅವಳು. ಹೆಂಡತಿ ಮಗಳಿಗಿಟ್ಟಿದ್ದ ಆ ಹೆಸರನ್ನು ಅವನು ಆ ಕಲ್ಲಿನಲ್ಲಿ ಕೊರೆದು ಬಿಟ್ಟುಹೋದ. ಹಳಿ ಮುಗಿದು ತಂದೆ ಮಗಳು ತಮ್ಮ ನಾಡಿಗೆ ಹೊರಟ ದಿನ ಫಕೀರವ್ವ ರೈಲಿನವರೆಗೂ ಹೋಗಿ, "ತಿಪ್ಪವ್ವಾ, ಛಲೋತ್ನಾಗಿ ಇರವ್ವಾ" ಎಂದಳಂತೆ. ಬಿಳಿ ಹುಡುಗಿ ಕಿಟಕಿಯಿಂದ ತಲೆ ಹೊರಹಾಕಿ, ರೈಲು ಮರೆಯಾಗುವ ತನಕ ಓ, ಓ ಎನ್ನುತ್ತಲೇ ಹೋದಳು. ಆಕಾಶದಿಂದ ಬೆಳ್ಳಗೆ ಬೀಳುವ ಆ ನಾಡಿನಲ್ಲಿ ತಿಪ್ಪವ್ವ ಎಂದು ಕರೆದರೆ ತಿರುಗಿ ನೋಡುವ ಒಬ್ಬ ಮುದುಕಿ ಬಹಳ ಕಾಲ ಬದುಕಿದ್ದಳು ಎನ್ನುತ್ತಾರೆ. ನಿಜವೋ ಸುಳ್ಳೋ, ಹೋಗಿ ನೋಡಿ ಬಂದವರಿಲ್ಲ.

ಫಕೀರವ್ವ ಇದ್ದಷ್ಟು ವರ್ಷವೂ ಹೊಸ ಹತ್ತಿ ಬಿಡಿಸಿದ ದಿನ ಮೊದಲ ಉಡಿಯ ಅರಳೆಯನ್ನು ಆ ಕಲ್ಲಿನ ಮೇಲೆ ಸುರಿದು, ಮಗಳನ್ನು ಅವಳ ಹೆಸರಿನಿಂದ ಕೂಗುತ್ತಿದ್ದಳು. ಅವಳು ಹೋದ ಮೇಲೂ ಊರ ಹೆಂಗಸರು ಅದನ್ನು ಬಿಡಲಿಲ್ಲ. ಅವರ ಬಾಯಲ್ಲಿ ಐರಾ ಐರವ್ವ ಆದಳು, ಕರಿಗುಡ್ಡ ಅವಳ ಗುಡ್ಡವಾಯಿತು. ಇಂದಿಗೂ ಆ ದಿನ ಹೋದರೆ ನೀವೇ ಕಾಣಬಹುದು. ಅವರು ಸಾಲಾಗಿ ಬಂದು ಅರಳೆ ಇಡುತ್ತಾರೆ. ಗಾಳಿಗೆ ಒಂದಿಷ್ಟು ಹಾರಿ ಕರಿನೆಲದ ಮೇಲೆಲ್ಲ ಬೀಳುತ್ತದೆ. ಆಮೇಲೆ ಗುಡ್ಡದ ಮುರಿದ ಮಗ್ಗುಲಿಗೆ ಮುಖ ಮಾಡಿ, ಐರಾ ಎಂದು ಕೂಗುತ್ತಾರೆ. ಬಂಡೆ ಆ ಹೆಸರನ್ನು ತಿರುಗಿ ಕೊಡುತ್ತದೆ. ನೋಡಲು ಬಂದವರು ಆ ಸದ್ದಿಗೆ ಬೆರಗಾಗಿ ಗುಡ್ಡವನ್ನೇ ನೋಡುತ್ತಾರೆ, ಹೆಂಗಸರ ಕೈಗಳನ್ನು ನೋಡುವುದಿಲ್ಲ. ಕೂಗುವಾಗ ಪ್ರತಿಯೊಬ್ಬ ತಾಯಿಯೂ ತನ್ನ ಜೊತೆಗಿರುವ ಮಗುವಿನ ಬಾಯಿಯನ್ನು ಅಂಗೈಯಿಂದ ಗಟ್ಟಿಯಾಗಿ ಮುಚ್ಚಿಕೊಂಡಿರುತ್ತಾಳೆ.