ಪೆಟ್ಟಿಗಿ ಮಾತಾಡೋತನಕ

ಅದೊಂದು ಬುಧವಾರ. ಬೇರೆ ಬುಧವಾರಗಳ ಹಾಗೆಯೇ ಇತ್ತು. ಬೆಟಗೇರಿಯ ಬಾಳವ್ವ ನಸುಕಿನಲ್ಲಿ ಎದ್ದಳು, ಒಲೆ ಹಚ್ಚಿದಳು, ಜೋಳದ ರೊಟ್ಟಿ ಬಡಿದಳು, ಬುಟ್ಟಿ ತುಂಬಿದಳು, ಬಟ್ಟೆ ಮುಚ್ಚಿ ಮಗನ ತಲೆಯ ಮೇಲಿಟ್ಟಳು. ಮಗನ ಹೆಸರು ಮುದಕಪ್ಪ. ಮೈ ಬೆಳೆದಿತ್ತು, ಮೀಸೆ ಬಂದಿತ್ತು, ಬುದ್ಧಿ ಮಾತ್ರ ಎಲ್ಲೋ ಹಿಂದೆಯೇ ಕೂತಿತ್ತು. ಹೇಳಿದ್ದನ್ನು ಹೇಳಿದ ಹಾಗೆ ಮಾಡುತ್ತಿದ್ದ. ಕೂದಲೆಳೆಯಷ್ಟೂ ಆಚೀಚೆ ಆಗುತ್ತಿರಲಿಲ್ಲ.

ಅವನ ಅಪ್ಪ ಫಕೀರಪ್ಪ ತೀರಿಕೊಂಡು ಇನ್ನೂ ವರ್ಷ ತುಂಬಿರಲಿಲ್ಲ. ಮಾರುವುದು ಫಕೀರಪ್ಪನ ಕೆಲಸವಾಗಿತ್ತು. ಈಗ ಬಾಳವ್ವನಿಗೆ ಒಂದೇ ಚಿಂತೆ, ತಾನೂ ಹೋದರೆ ಇವನು ಬದುಕುವುದು ಹೇಗೆ? ರೊಟ್ಟಿ ಬಡಿಯುವುದನ್ನು ಹೇಗೋ ಕಲಿಸಿದ್ದಳು. ಮಾರುವುದನ್ನೂ ಕಲಿಸಿಯೇ ಕಣ್ಣು ಮುಚ್ಚುತ್ತೇನೆ ಎಂದು ಹಟ ಹಿಡಿದಿದ್ದಳು.

"ನೀಲಮ್ಮನ ಖಾನಾವಳಿಗೆ ಕೊಟ್ಟು ಬಾ. ಬುಟ್ಟಿ ಖಾಲಿ ಆಗೋತನಕ ಮನಿಗೆ ಬರಬ್ಯಾಡ" ಅಂದಳು. ದಿನವೂ ಹೇಳುವ ಮಾತೇ.

ಮುದಕಪ್ಪ ಹೋದ. ಖಾನಾವಳಿಯ ಬೆಂಚುಗಳೆಲ್ಲ ಖಾಲಿ. ನೀಲಮ್ಮ ಬಾಗಿಲಲ್ಲೇ ತಡೆದಳು.

"ಇವತ್ತಿಂದ ರೊಟ್ಟಿ ಬ್ಯಾಡಪ್ಪ. ಮಂದಿ ಇಲ್ಲಿ ಬರೂದ ಬಿಟ್ಟಾರ. ಮನ್ಯಾಗ ಕುಂತು ಫೋನ್ ಒತ್ತತಾರ, ಬೈಕಿನವರು ಊಟ ಒಯ್ದು ಬಾಗಿಲಿಗೆ ಕೊಡತಾರ. ನಿಮ್ಮವ್ವಗ ಹೇಳು."

ಮುದಕಪ್ಪ ಬುಟ್ಟಿ ನೋಡಿದ. ತುಂಬಿತ್ತು. ಮನೆಗೆ ಹೋಗುವಂತಿಲ್ಲ. ಹಳೇ ಬಸ್‌ಸ್ಟ್ಯಾಂಡಿನ ಕಟ್ಟೆಯ ಮೇಲೆ ಕೂತ. ಹೊತ್ತೇರಿತು. ಒಂದು ಆಕಳು ಬಂತು, ಬುಟ್ಟಿಗೆ ಬಾಯಿ ಹಾಕಿತು. ಅದರ ಹಿಂದೆ ಇನ್ನೊಂದು ಬಂತು. ಮುದಕಪ್ಪ ಬಟ್ಟೆ ಸರಿಸಿ ಅನುಕೂಲ ಮಾಡಿಕೊಟ್ಟ. ಬುಟ್ಟಿ ಖಾಲಿಯಾಯಿತು. ಮನೆಗೆ ಬಂದ.

"ಎಲ್ಲಾ ಹೋತೇನೋ?"

"ಎಲ್ಲಾ ಹೋತಬೇ. ಆಕಳಾ ತಿಂದ್ವು."

ಬಾಳವ್ವ ಹಣೆ ಹಣೆ ಬಡಿದುಕೊಂಡಳು. ಆಮೇಲೆ ನೀಲಮ್ಮನ ಮಾತನ್ನು ಅವನ ಬಾಯಿಂದ ಎರಡೆರಡು ಸಲ ಹೇಳಿಸಿದಳು.

"ಹಂಗಾರ ಮಂದಿಗೆ ಹಸಿವು ಹೋಗಿಲ್ಲ, ಖಾನಾವಳಿ ಅಷ್ಟ ಹೋಗೇತಿ. ಕೇಳೋ ಹುಚ್ಚಪ್ಪ, ದನಕ್ಕಲ್ಲ, ಮನುಷ್ಯಾರಿಗೆ ಮಾರಬೇಕು. ನಾಳೆ ಆ ಬೈಕಿನವರು ಎಲ್ಲೆಲ್ಲಿ ಹೋಗತಾರೋ ನೀನೂ ಅಲ್ಲಲ್ಲಿ ಹೋಗು. ಅವರು ಹೋದಲ್ಲೇ ತಿನ್ನೋರು ಇರತಾರ."

ಮರುದಿನ ಮುದಕಪ್ಪ ಚೌಕ ಚೀಲ ಬೆನ್ನಿಗೆ ಕಟ್ಟಿಕೊಂಡ ಒಬ್ಬ ಬೈಕಿನವನನ್ನು ಹಿಡಿದ. ಅವನ ಹೆಸರು ಪರಸಪ್ಪ. ಬೈಕು ಹೊರಟಿತು, ಮುದಕಪ್ಪ ಬುಟ್ಟಿ ಹೊತ್ತು ಹಿಂದೆ ಓಡಿದ. ಪರಸಪ್ಪ ಒಂದು ಮನೆಯ ಬಾಗಿಲಿಗೆ ಹೋದ, ಇವನೂ ಹೋದ. ಪರಸಪ್ಪ ಪೆಟ್ರೋಲ್ ಹಾಕಿಸಿದ, ಇವನೂ ಸಾಲಿನಲ್ಲಿ ನಿಂತ. ಪಂಕ್ಚರ್ ಅಂಗಡಿಗೆ ಹೋದ, ಇವನೂ ಕೂತ. ರೊಟ್ಟಿ ಬೇಕೇ ಎಂದು ಯಾರನ್ನೂ ಕೇಳಲಿಲ್ಲ. ಕೇಳು ಎಂದು ಅವ್ವ ಹೇಳಿರಲಿಲ್ಲ. ಸಂಜೆ ಪರಸಪ್ಪ ತನ್ನ ಮನೆಗೆ ಹೋದ, ಇವನೂ ಒಳಗೆ ಹೋಗಿ ಅವನ ಪಕ್ಕಕ್ಕೆ ಚಕ್ಕಳಮಕ್ಕಳ ಹಾಕಿ ಕೂತ. ಪರಸಪ್ಪನ ಹೆಂಡತಿ ಇಬ್ಬರಿಗೂ ಬಡಿಸಿದಳು.

ಪರಸಪ್ಪನೇ ಅವನನ್ನು ಬೈಕಿನ ಮೇಲೆ ಮನೆ ಮುಟ್ಟಿಸಿದ.

"ಬೇ ಯವ್ವಾ, ನಿಮ್ಮ ಮಗ ದಿನಾ ಹಿಂಗ ಬಂದ್ರ ನನ್ನ ಹೆಂಡತಿ ಎರಡು ಸಂಸಾರ ಮಾಡಬೇಕಾಕ್ಕೈತಿ."

ಬಾಳವ್ವ ಅವನಿಗೆ ನೀರು ಕೊಟ್ಟಳು, ಬಿಡದೆ ಕೇಳಿದಳು. ಈ ಹೊಸ ವ್ಯಾಪಾರ ಹೆಂಗೆ? ದುಡ್ಡು ಎಲ್ಲಿಂದ ಬರತೈತಿ? ಪರಸಪ್ಪ ಹೇಳಿದ. ಈಗ ಯಾರೂ ಕಿಸೆಯಲ್ಲಿ ರೊಕ್ಕ ಇಡುವುದಿಲ್ಲ. ಚೌಕ ಚೌಕ ಗೆರೆಯ ಒಂದು ಚೀಟಿ ಬ್ಯಾಂಕಿನಲ್ಲಿ ಕೊಡುತ್ತಾರೆ. ಗಿರಾಕಿ ಅದಕ್ಕೆ ಫೋನ್ ತೋರಿಸುತ್ತಾನೆ, ದುಡ್ಡು ಖಾತೆಗೆ ಬೀಳುತ್ತದೆ.

ಬಾಳವ್ವ ಬ್ಯಾಂಕಿಗೆ ಅಲೆದಳು. ಚೀಟಿ ತಂದಳು, ರಟ್ಟಿಗೆ ಅಂಟಿಸಿದಳು.

"ಯಾರ ಹಿಂದೂ ಓಡಬ್ಯಾಡ. ಒಂದ ಜಾಗದಾಗ ಕೂಡು. ಯಾರು ಫೋನ್ ತೋರಿಸ್ತಾರೋ ಅವರಿಗೆ ರೊಟ್ಟಿ ಕೊಡು. ತಿಳೀತಿಲ್ಲೋ?"

"ತಿಳೀತಬೇ."

ಮುದಕಪ್ಪ ಸ್ಟೇಶನ್ ರಸ್ತೆಯ ಬೇವಿನ ಮರದ ಕೆಳಗೆ ಕೂತ. ಒಬ್ಬ ಅಜ್ಜ ಪಕ್ಕದಲ್ಲಿ ಕೂತು, ಫೋನ್ ತೆಗೆದು ಮೊಮ್ಮಗಳ ಫೋಟೋ ತೋರಿಸಿದ. ಮುದಕಪ್ಪ ನಾಲ್ಕು ರೊಟ್ಟಿ ಕೊಟ್ಟ. ಅಜ್ಜ ಬೆರಗಾಗಿ, ಅವಳ ಸೀಮಂತದ ಫೋಟೋನೂ ತೋರಿಸಿದ. ಮುದಕಪ್ಪ ಇನ್ನೂ ನಾಲ್ಕು ಕೊಟ್ಟ. ಒಬ್ಬಾಕೆ ಬಿರುಕು ಬಿಟ್ಟ ಫೋನ್ ಎತ್ತಿ, "ಇದನ್ನ ರಿಪೇರಿ ಮಾಡೋರು ಎಲ್ಲಿ ಅದಾರಪ್ಪ?" ಅಂತ ಕೇಳಿದಳು. ಅವಳಿಗೂ ಕೊಟ್ಟ. ಸುದ್ದಿ ಹಬ್ಬಿತು. ಮಧ್ಯಾಹ್ನದ ಹೊತ್ತಿಗೆ ಬೇವಿನ ಮರದ ಕೆಳಗೆ ಜನ ಫೋನ್ ಎತ್ತಿ ಹಿಡಿದು ಸಾಲು ನಿಂತಿದ್ದರು.

"ಯವ್ವಾ, ಇವತ್ತ ಮನುಷ್ಯಾರ ತಿಂದ್ರು" ಅಂದ ಮನೆಗೆ ಬಂದು.

ಬಾಳವ್ವ ಬ್ಯಾಂಕಿಗೆ ಹೋಗಿ ಕೇಳಿದಳು. ಖಾತೆಗೆ ಏನೂ ಬಿದ್ದಿರಲಿಲ್ಲ.

"ಫೋನ್ ತೋರಿಸಿದ್ರ ಆತೇನೋ ಹುಚ್ಚಪ್ಪ? ದುಡ್ಡು ಬೀಳಬೇಕು." ಬೈದು ಬೈದು ಬಾಯಿ ಒಣಗಿತು. ಆದರೂ ಮರುದಿನ ಮತ್ತೆ ಬ್ಯಾಂಕಿಗೆ ಹೋದಳು. ಈ ಸಲ ಒಂದು ಸಣ್ಣ ಪೆಟ್ಟಿಗೆ ತಂದಳು. "ದುಡ್ಡು ಬಂದ್ರ ಈ ಪೆಟ್ಟಿಗಿ ಬಾಯಿ ಬಿಟ್ಟು ಹೇಳತೈತಿ. ಪೆಟ್ಟಿಗಿ ಮಾತಾಡೋತನಕ ರೊಟ್ಟಿ ಕೊಡಬ್ಯಾಡ. ಮಾತಾಡಿದ ಕೂಡಲೆ ಕೊಡು."

ಅಂದು ಬೇವಿನ ಮರದ ಕೆಳಗೆ ಬಿಸಿಲು ಬಂತೆಂದು ಮುದಕಪ್ಪ ರಾಜೇಸಾಬನ ಚಹಾದ ಅಂಗಡಿಯ ನೆರಳಿಗೆ ಸರಿದ. ರಾಜೇಸಾಬನ ಹತ್ತಿರವೂ ಅಂಥದೇ ಪೆಟ್ಟಿಗೆ. "ಹತ್ತು ರೂಪಾಯಿ ಬಂದಿದೆ" ಅಂತು. ಮುದಕಪ್ಪ ಎದ್ದು, ಎದುರಿಗೆ ಚಹಾ ಕುಡಿಯುತ್ತಿದ್ದವನಿಗೆ ರೊಟ್ಟಿ ಕೊಟ್ಟ. "ಇಪ್ಪತ್ತು ರೂಪಾಯಿ ಬಂದಿದೆ" ಅಂತು. ಇಬ್ಬರಿಗೆ ಕೊಟ್ಟ. ರಾಜೇಸಾಬನ ಪೆಟ್ಟಿಗೆ ಬಾಯಿ ಮುಚ್ಚಲಿಲ್ಲ, ಮುದಕಪ್ಪ ಕೂರಲಿಲ್ಲ. ಅವನ ಸ್ವಂತ ಪೆಟ್ಟಿಗೆ ಕಾಲ ಬುಡದಲ್ಲಿ ಮೂಕವಾಗಿ ಕೂತಿತ್ತು.

ಸಂಜೆ ರಾಜೇಸಾಬನೇ ಮನೆಗೆ ಬಂದ. ಬಾಳವ್ವ ಜಗಳಕ್ಕೆ ಬಂದನೆಂದು ಸೆರಗು ಬಿಗಿದು ನಿಂತಳು.

"ಏನ್ ಮಾಡ್ಯಾನ ನನ್ನ ಮಗ?"

"ಬಾಳವ್ವ, ನಾಳೆನೂ ಕಳಸ್ತೀ?" ಅಂದ ರಾಜೇಸಾಬ. "ನಿನ್ನ ಮಗ ನನ್ನ ಚಹಾದ ಗಿರಾಕಿಗೆಲ್ಲ ಪುಕ್ಕಟೆ ರೊಟ್ಟಿ ಹಂಚಿದಾ. ಈ ಬೈಕಿನವರು ಅದಾರಲ್ಲ, ಒಬ್ಬನ್ನ ನೋಡಿ ಒಬ್ಬ ಬಂದ್ರು. ನಿಂತಲ್ಲೇ ತಿಂದು ಹೋದ್ರು. ರೊಟ್ಟಿ ತೀರಿದ ಮ್ಯಾಲೆ ಬಂದವರು ರೊಕ್ಕ ಕೊಡ್ತೀವಿ, ಎಲ್ಲಿ ಸಿಗತೈತಿ ಅಂತ ನನ್ನ ಜೀವಾ ತಿಂದ್ರು."

ಬಾಳವ್ವ ಕೆಳಗೆ ಕೂತಳು.

"ಹೌದಲ್ಲೋ ರಾಜೇಸಾಬ. ಊರ ಮಂದಿಗೆಲ್ಲ ಊಟ ಹೊರೋರಿಗೂ ಹಸಿವಾಗತೈತಿ. ಅವರಿಗೆ ಕೂಡಾಕ ಹೊತ್ತಿಲ್ಲ. ನಾವು ಖಾನಾವಳಿ ಹೋತು ಅಂತ ಅಳಾಕತ್ತಿದ್ವಿ. ಹಸಿವು ಬಾಗಿಲ ಬಿಟ್ಟು ರಸ್ತೇಕ ಬಂದೈತಿ."

ಮರುದಿನದಿಂದ ರೊಟ್ಟಿಯ ಜೊತೆ ಶೇಂಗಾ ಚಟ್ನಿ ಕಟ್ಟಿದಳು. ರಾಜೇಸಾಬನ ಅಂಗಡಿಯ ಪಕ್ಕದಲ್ಲೇ ಜಾಗ ಮಾಡಿಕೊಂಡಳು. ಮಗನನ್ನು ಎದುರಿಗೆ ಕೂಡಿಸಿಕೊಂಡು, ಪೆಟ್ಟಿಗೆಗೆ ಕೆಂಪು ದಾರ ಕಟ್ಟಿದಳು.

"ಇದು ನಮ್ಮ ಪೆಟ್ಟಿಗಿ. ಕೆಂಪು ದಾರದ್ದು. ರಾಜೇಸಾಬಂದು ಎಷ್ಟರ ಒದರಲಿ, ನೀ ಏಳಬ್ಯಾಡ. ಇದು ಮಾತಾಡೋತನಕ ಯಾರಿಗೂ ಕೊಡಬ್ಯಾಡ. ಪೊಲೀಸರು ಬರಲಿ, ಮಠದ ಅಯ್ನಾರು ಬರಲಿ, ನಿಮ್ಮಪ್ಪನ ಎದ್ದು ಬಂದ್ರೂ ಕೊಡಬ್ಯಾಡ."

"ಅಪ್ಪ ಬರತಾನೇನಬೇ?"

ಬಾಳವ್ವ ದಾರದ ಗಂಟನ್ನು ಇನ್ನೊಮ್ಮೆ ಬಿಗಿದಳು. "ಇಲ್ಲಪ್ಪ" ಅಂದಳು.

ವ್ಯಾಪಾರ ಹತ್ತಿತು. ಪೊಲೀಸಪ್ಪ ಬಂದು ಸುಮ್ಮನೆ ಕೈ ಚಾಚಿದ. ಮುದಕಪ್ಪ ಪೆಟ್ಟಿಗೆ ತೋರಿಸಿದ. ಅಯ್ನಾರು ಬಂದು ಜೋಳಿಗೆ ಒಡ್ಡಿದರು. ಮುದಕಪ್ಪ ಪೆಟ್ಟಿಗೆ ತೋರಿಸಿದ. ಸಂಬಂಧಿಕರು ಬಂದರು, ಪೆಟ್ಟಿಗೆ ತೋರಿಸಿದ. ಬೈಕಿನವರು ಫೋನ್ ಹಿಡಿದರು, ಪೆಟ್ಟಿಗೆ ಮಾತಾಡಿತು, ಅವರು ತಿಂದರು.

ಒಂದು ದಿನ ಬಾಳವ್ವನಿಗೆ ಜ್ವರ. ಮುದಕಪ್ಪನೇ ಎದ್ದು ಒಲೆ ಹಚ್ಚಿದ, ರೊಟ್ಟಿ ಬಡಿದ, ಬುಟ್ಟಿ ಹೊತ್ತು ಹೋದ. ಬಾಳವ್ವ ಗೋಡೆ ಹಿಡಿದು ದವಾಖಾನೆಗೆ ಹೋಗಿ ಇಂಜೆಕ್ಷನ್ ಮಾಡಿಸಿಕೊಂಡಳು. ಬೆಳಗಿನಿಂದ ಹೊಟ್ಟೆಗೆ ಏನೂ ಇರಲಿಲ್ಲ. ಬರುವಾಗ ಮಗನ ಹತ್ತಿರ ಬಂದು ನಿಂತಳು.

"ಒಂದು ರೊಟ್ಟಿ ಕೊಡೋ ಮುದಕಾ. ಕಣ್ಣಿಗೆ ಕತ್ತಲಿ ಬರಾಕತ್ತೈತಿ."

"ಪೆಟ್ಟಿಗಿ ಮಾತಾಡಿಲ್ಲಬೇ."

"ಹಿಟ್ಟು ನಂದೋ."

"ಹೌದಬೇ."

"ಒಲಿ ನಂದು. ಪೆಟ್ಟಿಗಿ ತಂದಾಕಿ ನಾನು."

"ಹೌದಬೇ. ಮಾತಾಡಿಲ್ಲ."

ಬಾಳವ್ವ ಸೆರಗಿನ ಗಂಟು ಬಿಚ್ಚಿ ಹತ್ತರ ನೋಟು ಚಾಚಿದಳು. ಮುದಕಪ್ಪ ನೋಟು ನೋಡಿದ, ಪೆಟ್ಟಿಗೆ ನೋಡಿದ, ತಲೆ ಅಲ್ಲಾಡಿಸಿದ. ಪೆಟ್ಟಿಗೆಗೆ ನೋಟು ಕಾಣುವುದಿಲ್ಲವಲ್ಲ.

ರಾಜೇಸಾಬ ಒಲೆ ಬಿಟ್ಟು ಬಂದ. "ಏ ಖೋಡಿ, ನಿಮ್ಮವ್ವ ಅದಾಳೋ."

"ಗೊತ್ತೈತಿ" ಅಂದ ಮುದಕಪ್ಪ. ಬುಟ್ಟಿಯ ಬಟ್ಟೆ ಸರಿಸಲಿಲ್ಲ.

ಬಾಳವ್ವ ಬೈಯಲು ಬಾಯಿ ತೆರೆದಳು. ಮಗನ ಕೈ ನೋಡಿದಳು. ಬುಟ್ಟಿಯ ಮೇಲೆ ಗಟ್ಟಿಯಾಗಿ ಊರಿತ್ತು. ಪಕ್ಕದಲ್ಲಿ ಚಹಾ ಕುಡಿಯುತ್ತಿದ್ದ ಪರಸಪ್ಪನ ಕೈಗೆ ನೋಟು ಕೊಟ್ಟಳು. "ನಿನ್ನ ಫೋನ್ ತೋರಿಸಪ್ಪ."

ಪರಸಪ್ಪ ತೋರಿಸಿದ. ಕೆಂಪು ದಾರದ ಪೆಟ್ಟಿಗೆ ಮಾತಾಡಿತು. ಮುದಕಪ್ಪ ಬಟ್ಟೆ ಸರಿಸಿ, ರೊಟ್ಟಿಗೆ ಚಟ್ನಿ ಹಚ್ಚಿ, ಮಡಚಿ, ಎರಡೂ ಕೈಯಲ್ಲಿ ಕೊಟ್ಟ.

ಬಾಳವ್ವ ಅದನ್ನು ಅಲ್ಲೇ ನಿಂತು ತಿಂದಳು.