ಚಾಡಿ ಬಾವಿ

ಕಡ್ಲಿಗಟ್ಟಿಯ ಹಳೆಯ ವಾಡೆಯಲ್ಲಿ ಈಗ ಗೋಡೆಗಿಂತ ಮುಳ್ಳುಕಂಟಿಯೇ ಹೆಚ್ಚು. ಅಂಗಳದ ಬಾವಿಯೊಂದು ಮಾತ್ರ ಗಟ್ಟಿಯಾಗಿ ಉಳಿದಿದೆ. ಇಷ್ಟು ಸಿಹಿನೀರಿನ ಬಾವಿಗೆ ಗಂಗೆಯ ಹೆಸರಿಡುವುದು ಬಿಟ್ಟು ಚಾಡಿ ಬಾವಿ ಎಂದೇಕೆ ಕರೆಯುತ್ತೀರಿ ಎಂದು ಬಂದವರು ಕೇಳುತ್ತಾರೆ. ಕೇಳಲೇಬೇಕಾದ ಮಾತು.

ಹಿಂದೆ ಒಮ್ಮೆ ಈ ವಾಡೆಯಲ್ಲಿ ಶಾಂತಗೌಡ ದೇಸಾಯಿಯ ದರ್ಬಾರು. ಮನೆಯ ಹೆಣ್ಣುಮಕ್ಕಳ ನೆರಳು ಕೂಡ ಹೆಬ್ಬಾಗಿಲು ದಾಟಬಾರದೆಂಬುದು ಅವನ ಕಟ್ಟಳೆ. ಆದರೆ ಶಿವಪೂಜೆಯ ನೀರನ್ನು ಆಳುಗಳು ಮುಟ್ಟುವಂತಿರಲಿಲ್ಲ. ಮದುವೆಯಾಗದ ಮಗಳೇ ತರಬೇಕು. ಆಗ ವಾಡೆಯೊಳಗೆ ಬಾವಿಯಿರಲಿಲ್ಲ, ಊರ ಬಾವಿಗಳ ನೀರು ಹತ್ತು ಮಂದಿ ಮುಟ್ಟಿದ್ದು. ಹೀಗಾಗಿ ದೇಸಾಯಿಯ ಮಗಳು ರಾಚವ್ವ ದಿನಾ ಬೆಳಿಗ್ಗೆ ಕೊಡ ಹಿಡಿದು ಊರಾಚೆಯ ಹಳ್ಳಕ್ಕೆ ಹೋಗುತ್ತಿದ್ದಳು. ಕಾವಲಿಗೆ ಒಬ್ಬ ಮುದುಕಿ. ಅವಳೋ ಅರ್ಧ ದಾರಿಯಲ್ಲೇ ಕುಳಿತುಬಿಡುವವಳು. ಉಳಿದರ್ಧ ರಾಚವ್ವನದು. ಕುರಿಗಾರರನ್ನು ನಿಲ್ಲಿಸಿ ಅವರು ಕಂಡ ಊರುಗಳ ಸುದ್ದಿ ಕೇಳುವಳು, ಒಂದು ದಿನ ಆ ದಾರಿ ಹಿಡಿದು ತಾನೂ ಹೋಗಬೇಕೆಂದು ಆಸೆಪಡುವಳು. ದಿನದಲ್ಲಿ ಅಷ್ಟು ಹೊತ್ತು ಮಾತ್ರ ಅವಳು ತನ್ನಿಷ್ಟದಂತೆ ಬದುಕುತ್ತಿದ್ದಳು ಎನ್ನುತ್ತಾರೆ.

ಒಂದು ಬೇಸಿಗೆ ಅವಳು ಮಲ್ಲಿಗೆ ಬಳ್ಳಿ ನೆಡಲು ಅಂಗಳದ ಮೂಲೆಯಲ್ಲಿ ಅಗೆದಾಗ ನೀರು ಜಿನುಗಿತು. ಅಂಗಳದಲ್ಲೇ ನೀರು ಸಿಕ್ಕರೆ ರಾಚವ್ವನಿಗೆ ಹಳ್ಳದ ದಾರಿ ಮುಗಿದಂತೆಯೇ. ಮಣ್ಣು ಮುಚ್ಚಿ ಮೇಲೆ ಒರಳುಕಲ್ಲು ಉರುಳಿಸಿದಳು. ಗುಟ್ಟು ಹೊಟ್ಟೆಯಲ್ಲಿ ನಿಲ್ಲದೆ ತಾಯಿ ಬಾಳವ್ವನಿಗೊಬ್ಬಳಿಗೆ ಹೇಳಿ, ಅಪ್ಪನ ಮುಂದೆ ಬಾಯಿ ಬಿಡುವುದಿಲ್ಲವೆಂದು ಆಣೆ ಹಾಕಿಸಿಕೊಂಡಳು. ಎಂಟು ದಿನಕ್ಕೆ ಬಾವಿ ತೋಡುವವರು ಹಾರೆ ಗುದ್ದಲಿಯೊಂದಿಗೆ ಬಂದು ನೇರವಾಗಿ ಅದೇ ಒರಳುಕಲ್ಲನ್ನು ಸರಿಸಿದರು.

“ನಿನಗೊಬ್ಬಾಕಿಗೇ ಹೇಳಿದ್ನೆವ್ವಾ” ಎಂದಳು ರಾಚವ್ವ.

“ಮಂದಿ ಬಾಯಿಗೆ ಬೀಳೋದಕ್ಕಿಂತ ಒಳಗಿರೋದು ಚಲೋ. ನಿನ್ನ ಒಳ್ಳೇದಕ್ಕ ಹೇಳೇನಿ” ಎಂದಳು ತಾಯಿ.

ಹೆತ್ತವಳ ಬಾಯಿಂದ ಇದನ್ನು ಕೇಳುವುದಕ್ಕಿಂತ ಬೈಗುಳ ಕೇಳುವುದು ಸುಖ. ಬಾವಿಯಾಯಿತು, ರಾಚವ್ವನ ಪಾಲಿಗೆ ಹೆಬ್ಬಾಗಿಲು ಮುಚ್ಚಿತು. ದೇಸಾಯಿ ಬಾವಿಗೆ ಕುಲದೇವರ ಹೆಸರಿಟ್ಟ. ಮಗಳು ತಾಯಿಯ ಎದುರಿಗೇ ಅದನ್ನು ಚಾಡಿ ಬಾವಿ ಎಂದಳು. ಆಳುಗಳ ಬಾಯಿಂದ ಊರಿಗೆ ಹಬ್ಬಿದ್ದು ಅವಳಿಟ್ಟ ಹೆಸರೇ. ಮುಂದೆ ಬಂದ ಗಂಡುಗಳೆಲ್ಲ ದೇಸಾಯಿಯ ಅಂತಸ್ತಿಗೆ ಸಾಲಲಿಲ್ಲ. ಪೂಜೆಯ ಬಾವಿಗೆ ಬೇರೆ ಯಾರೂ ಹಗ್ಗ ಇಳಿಸುವಂತಿರಲಿಲ್ಲವಾಗಿ ನಲವತ್ತು ವರ್ಷ ಅವಳೇ ಸೇದಿದಳು, ತಾಯಿಯೊಡನೆ ಮಾತ್ರ ಮತ್ತೆ ಮಾತಾಡಲಿಲ್ಲ ಎನ್ನುತ್ತಾರೆ.

ಊರಿನ ಉಳಿದ ಬಾವಿಗಳ ಕಟ್ಟೆಯಲ್ಲಿ ಸುತ್ತಲೂ ಹಗ್ಗ ತಿಕ್ಕಿದ ಗೀರುಗಳಿವೆ. ಇಲ್ಲಿರುವುದು ಒಂದೇ ಗೀರು, ಹೆಬ್ಬಾಗಿಲಿನ ಕಡೆಗೆ ಮುಖ ಮಾಡಿ ನಿಂತು ಸೇದಿದವಳದು. ಬೆರಳಿಟ್ಟರೆ ಎರಡು ಗೆಣ್ಣು ಒಳಗೆ ಹೋಗುತ್ತದೆ.