ಅಜ್ಜಿಯ ಬಿದಿರಲ್ಲಿ ಮಲಗಿದ ಕೂಸು

ಮೇದಾರ ಮೈಲಾರಪ್ಪ ಬಿದಿರು ಕೇಳಿ ಬಂದವರನ್ನು "ಯಾತಕ್ಕೆ?" ಎಂದು ಕೇಳುತ್ತಿರಲಿಲ್ಲ. ಕೇಳಬಾರದು ಎಂದು ಅವನಪ್ಪ ಕಲಿಸಿದ್ದ. ಬಿದಿರು ಚಪ್ಪರಕ್ಕೂ ಬೇಕು, ಏಣಿಗೂ ಬೇಕು, ಕೊನೆಗೆ ಚಟ್ಟಕ್ಕೂ ಬೇಕು. ಬಂದವರು ಹೊರಡುವಾಗ ಏನೆನ್ನುತ್ತಾರೆ ಎಂಬುದರಿಂದಲೇ ಅವನಿಗೆ ಎಲ್ಲ ತಿಳಿಯುತ್ತಿತ್ತು. ನಮ್ಮಲ್ಲಿ ಹೊರಡುವಾಗ ಯಾರೂ "ಹೋಗ್ತೀನಿ" ಎನ್ನುವುದಿಲ್ಲವಷ್ಟೆ. ಹೋಗುವವರೂ "ಬರ್ತೀನಿ" ಎಂದೇ ಹೇಳಿ ಹೋಗುವುದು. ಸಾವಿನ ಕೆಲಸಕ್ಕೆ ಬಂದವರು ಮಾತ್ರ ಏನೂ ಅನ್ನದೆ, ಹಿಂದಿರುಗಿ ನೋಡದೆ ನಡೆದುಬಿಡುತ್ತಾರೆ.

ಒಂದು ದಿನ ಮೇಲಿನ ಓಣಿಯ ನಿಂಗಪ್ಪ ಬಂದ. "ಮೈಲಾರಪ್ಪ, ಎರಡು ಹಸಿ ಬಿದಿರ ಗಳ ಕಡಿದಿಡು," ಎಂದ. ಅಷ್ಟೇ ಹೇಳಿ ಹೊರಟ. ಬರ್ತೀನಿ ಎನ್ನಲಿಲ್ಲ.

ಮೈಲಾರಪ್ಪನಿಗೆ ಅರ್ಥವಾಯಿತು. ನಿಂಗಪ್ಪನ ತಾಯಿ ಹಾಲವ್ವಜ್ಜಿ ನಾಲ್ಕು ದಿನದಿಂದ ಕಣ್ಣು ಬಿಟ್ಟಿರಲಿಲ್ಲ. ಸಂಜೆ ದಾಟುವುದು ಕಷ್ಟ ಎಂದು ಊರೆಲ್ಲ ಆಡಿಕೊಳ್ಳುತ್ತಿತ್ತು. ಉಸಿರು ನಿಲ್ಲುವ ಮೊದಲೇ ಗಳ ಕಡಿಸುವುದು ಎಲ್ಲಿಯ ರೂಢಿಯೂ ಅಲ್ಲ. ಆದರೆ ನಿಂಗಪ್ಪ ಹುಟ್ಟಾ ಅವಸರದವನು. ಮೈಲಾರಪ್ಪ ಹಳ್ಳದ ದಂಡೆಯ ಬಿದಿರು ಮೆಳೆಯಿಂದ ಎರಡು ಗಳ ಕಡಿದು ತಂದು ಹಿತ್ತಲ ಗೋಡೆಗೆ ಆನಿಸಿಟ್ಟ.

ಒಯ್ಯಲು ಯಾರೂ ಬರಲಿಲ್ಲ. ಮರುದಿನ ಹಾಲವ್ವಜ್ಜಿ ಎದ್ದು ಕೂತು ಅಂಬಲಿ ಕೇಳಿದಳಂತೆ. ಅದರ ಮರುದಿನ ರೊಟ್ಟಿ, ಕೆಂಪು ಚಟ್ನಿ ಕೇಳಿದಳಂತೆ. ಸುದ್ದಿ ಕೇಳಿ ಮೈಲಾರಪ್ಪನಿಗೆ ಸಂತೋಷವಾಯಿತು. ಆಮೇಲೆ ಹಿತ್ತಲಿಗೆ ಹೋಗಿ ಆ ಗಳಗಳನ್ನು ನೋಡಿದ. ತಲೆ ಗಲಿಬಿಲಿಯಾಯಿತು. ಇವನ್ನೀಗ ಏನು ಮಾಡುವುದು? ಒಲೆಗೆ ಹಾಕಿದರೆ ಅಪಶಕುನ. ಬುಟ್ಟಿ ಹೆಣೆದರೆ ಒಯ್ದವರಿಗೆ ದ್ರೋಹ. ಅಜ್ಜಿಗೇ ಕೊಡೋಣವೆಂದರೆ, ಬದುಕಿರುವವರ ಚಟ್ಟವನ್ನು ಬದುಕಿರುವವರ ಕೈಗೆ ಹೇಗೆ ಕೊಡುವುದು? ಅವನು ಯೋಚಿಸಿದ, ಯೋಚಿಸಿದ, ಕೊನೆಗೆ ಯೋಚಿಸುವುದನ್ನೇ ಬಿಟ್ಟ. ಗಳಗಳು ಅಲ್ಲೇ ನಿಂತು ಒಣಗಿದವು.

ಆ ವಾರ ಅವನ ಹೆಂಡತಿ ದುರುಗವ್ವ ಅಕ್ಕನ ಊರಿಗೆ ಹೋಗಿದ್ದಳು. ಬಂದಮೇಲೂ ಅವನು ಅವಳಿಗೆ ಹೇಳಲಿಲ್ಲ. ಚಟ್ಟದ ಮಾತನ್ನು ಮನೆಯೊಳಗೆ ಆಡಬಾರದೆಂಬುದು ಆ ಕಸುಬಿನವರ ಇನ್ನೊಂದು ಕಟ್ಟಳೆ.

ಮೂರು ತಿಂಗಳು ಕಳೆಯಿತು. ನಿಂಗಪ್ಪನ ಮಗಳು ಶಾಂತವ್ವ ತವರಿಗೆ ಬಂದು ಗಂಡು ಕೂಸು ಹೆತ್ತಳು. ತೊಟ್ಟಿಲು ಹೆಣೆಯಲು ಹೇಳಿಕಳಿಸಿದರು. ದುರುಗವ್ವ ಬಿದಿರು ಸೀಳಿ ಹೆಣೆದಳು. ಮೈಲಾರಪ್ಪ ನಾಲ್ಕು ಮೂಲೆಗೆ ಹಗ್ಗ ಕಟ್ಟುತ್ತ ಕೂತ. ಅವನು ಕೊನೆಯ ಮೂಲೆಗೆ ಬಂದಿದ್ದಾಗ ದುರುಗವ್ವ ಅಂದಳು:

"ಹಿತ್ತಲದಾಗ ಎರಡು ಗಳ ಇಟ್ಟಿದ್ದಿಯಲ್ಲ, ನೀರಾಗ ನೆನಸಿದ್ಮ್ಯಾಲ ಎಷ್ಟು ಚಲೋ ಸೀಳಿದ್ವು ಅಂತಿ. ಬೆಣ್ಣಿ ಸೀಳಿದಂಗ."

ಮೈಲಾರಪ್ಪನ ಕೈ ಒಂದು ಸುತ್ತಿಗೇ ನಿಂತಿತು. ಏನು ಹೇಳಬೇಕೆಂದು ತಿಳಿಯುವ ಮೊದಲೇ ನಿಂಗಪ್ಪ ಬಾಗಿಲಲ್ಲಿ ನಿಂತಿದ್ದ. ಹೊತ್ತಾಯಿತು, ಮುತ್ತೈದೆಯರು ಬಂದು ಕೂತಿದ್ದಾರೆ ಎಂದು ಗಡಿಬಿಡಿ ಮಾಡಿ, ತೊಟ್ಟಿಲನ್ನು ತಲೆಯ ಮೇಲಿಟ್ಟುಕೊಂಡು ನಡೆದೇಬಿಟ್ಟ. ಈ ಸಲ "ಬರ್ತೀನಿ" ಎಂದು ಎರಡು ಸಲ ಹೇಳಿದ.

ಮೈಲಾರಪ್ಪ ಹೆಂಡತಿಗೆ ಎಲ್ಲ ಹೇಳಿದ. ಅವಳು ಎದೆ ಹಿಡಿದುಕೊಂಡಳು.

"ಮೊದಲ ಹೇಳಬಾರದಾಗಿತ್ತೇನು?"

"ಹೇಳೋ ಮಾತೇನ ಅದು?"

ಚಟ್ಟಕ್ಕೆಂದು ಕಡಿದ ಬಿದಿರಲ್ಲಿ ಹಸುಗೂಸು ಮಲಗಿತ್ತು. ಹೋಗಿ ಹೇಳಿದರೆ ಬಾಣಂತಿಯ ಎದೆ ಒಡೆದೀತು. ಹೇಳದೆ ಇದ್ದು ಕೂಸಿಗೆ ಏನಾದರೂ ಆದರೆ ತನ್ನ ಕೈಯೇ ಕೊಂದಂತೆ. ಬಿಸಿ ತುಪ್ಪ ಬಾಯಿಗೆ ಹಾಕಿಕೊಂಡವನ ಪಾಡಾಯಿತು ಅವನದು. ಮೇಲಿನ ಓಣಿಯಿಂದ ಕೂಸಿನ ಅಳು ಕೇಳಿದರೆ ಏನಾಯಿತೋ ಎಂದು ಹೆದರುವನು. ಅಳು ಕೇಳದಿದ್ದರೆ ಇನ್ನೂ ಹೆಚ್ಚು ಹೆದರುವನು. ಹುಟ್ಟಿದ ಮಗುವಿಗೂ ಸಾಯುವ ಮುದುಕಿಗೂ ಅದೇ ಬಿದಿರು ಆಗುವುದಾದರೆ, ಬೇರೆ ಬೇರೆ ಇಡಬೇಕೆಂದು ಹಿರಿಯರು ಯಾಕೆ ಹೇಳಿದರು? ಇಡಲೇಬೇಕೆಂದಿದ್ದರೆ ದೇವರು ಎರಡು ಬಗೆಯ ಬಿದಿರನ್ನೇ ಯಾಕೆ ಹುಟ್ಟಿಸಲಿಲ್ಲ? ಕೇಳಿದಷ್ಟೂ ಅವನ ತಲೆ ಸಿಕ್ಕುಸಿಕ್ಕಾಯಿತು.

ಅವನಿಗೆ ಒಂದೇ ದಾರಿ ಕಂಡಿತು. ಹೊಸ ಬಿದಿರು ಕಡಿದು ತಂದ. ಮೂರು ದಿನ ಕೂತು ಇನ್ನೊಂದು ತೊಟ್ಟಿಲು ಮಾಡಿದ. ಅದನ್ನು ಹೊತ್ತು ನಿಂಗಪ್ಪನ ಮನೆಗೆ ಹೋದ.

ನಿಂಗಪ್ಪ ಹೊಲಕ್ಕೆ ಹೋಗಿದ್ದ. ಪಡಸಾಲೆಯಲ್ಲಿ ತೊಟ್ಟಿಲು ತೂಗುತ್ತಿತ್ತು. ತೂಗುತ್ತಿದ್ದವಳು ಹಾಲವ್ವಜ್ಜಿ. ಪಕ್ಕದಲ್ಲಿ ಶಾಂತವ್ವ ತಲೆಗೆ ಬಟ್ಟೆ ಕಟ್ಟಿಕೊಂಡು ಕೂತಿದ್ದಳು.

"ಯವ್ವಾ, ಆ ತೊಟ್ಟಿಲ ವಾಪಸ್ ಕೊಡ್ರಿ. ಇದು ಅದಕ್ಕಿಂತ ಚಲೋದೈತಿ," ಎಂದ ಮೈಲಾರಪ್ಪ.

"ಅದಕ್ಕೇನಾಗೇತಿ?" ಎಂದಳು ಅಜ್ಜಿ.

"ಏನಾಗಿಲ್ಲ."

"ಏನೂ ಆಗಿಲ್ಲಂದ್ರ ಯಾಕ ವಾಪಸ್?"

"ಬಣ್ಣ ಸರಿ ಇಲ್ಲ... ಹುಳ ಬೀಳತೈತಿ... ಅಂದ್ರ, ಬಿದ್ದಿಲ್ಲ..." ಮೈಲಾರಪ್ಪ ಒಂದಕ್ಕೊಂದು ಸಂಬಂಧವಿಲ್ಲದೆ ಬಡಬಡಿಸಿದ. ಎಂಬತ್ತೆರಡು ವರ್ಷದ ಮುದುಕಿಯ ಮುಂದೆ ಸುಳ್ಳು ಎಷ್ಟು ಹೊತ್ತು ನಿಂತೀತು? ಕೊನೆಗೆ ಅವನು ಕಂಬಕ್ಕೊರಗಿ ಕೂತು ಎಲ್ಲ ಒಪ್ಪಿಸಿಬಿಟ್ಟ.

ಶಾಂತವ್ವ ಗಬಕ್ಕನೆ ಎದ್ದು ಕೂಸನ್ನು ಎತ್ತಿ ಎದೆಗವಚಿಕೊಂಡಳು. ಹಾಲವ್ವಜ್ಜಿ ಬೊಚ್ಚು ಬಾಯಿ ತೆರೆದು ನಕ್ಕಳು.

"ನಿಂಗಪ್ಪ ನನ್ನ ಸಲುವಾಗಿ ಗಳ ಕಡಿಸಿದ್ದನೇನು? ಅವಂದು ಎಲ್ಲಾನೂ ಅವಸರ. ನನ್ನ ಹೊಟ್ಟಿಯೊಳಗಿಂದ ಏಳು ತಿಂಗಳಿಗೇ ಹೊರಗ ಬಿದ್ದಾಂವ ಅಂವ," ಎಂದಳು. ಮತ್ತೆ ಮೈಲಾರಪ್ಪನ ಕಡೆ ತಿರುಗಿ ಕೇಳಿದಳು, "ಚಟ್ಟದ ಬಿದಿರು ಎಲ್ಲಿಂದ ಕಡೀತೀಯೋ?"

"ಹಳ್ಳದ ದಂಡಿ ಮೆಳಿಯಿಂದ."

"ತೊಟ್ಟಿಲದ್ದು?"

"ಅದ ಮೆಳಿಯಿಂದ."

"ಮತ್ತೇನ ಅದಲುಬದಲಾತೋ ಹುಚ್ಚಪ್ಪ?"

ಆದರೆ ಶಾಂತವ್ವನಿಗೆ ಈ ಮಾತು ಸೇರಲಿಲ್ಲ. ಅವಳ ಕಣ್ಣು ತುಂಬಿತ್ತು.

"ನಿನಗೇನಜ್ಜಿ, ಮಾತಾಡ್ತಿ. ಹೆತ್ತಾಕಿ ನಾನು. ಹಂಗಂದ್ರ ಈ ಕೂಸಿಗೂ ಒಂದಿನ..."

"ಹೂಂನವ್ವಾ," ಎಂದಳು ಅಜ್ಜಿ ಮೆತ್ತಗೆ. "ಅದಕ್ಕೂ. ನನ್ನಷ್ಟು ಮುಪ್ಪಾದಮ್ಯಾಲ ಬರಲಿ ಅಂತ ಬೇಡಿಕೋಬಹುದು. ಬರಬ್ಯಾಡ ಅಂತ ಬೇಡಿಕೊಳ್ಳಾಕ ಬರೂದಿಲ್ಲ."

ಶಾಂತವ್ವ ಅತ್ತಳು. ತಾಯಿಯಾದವಳು ಆ ಮಾತನ್ನು ಕೇಳಿ ಅಳದೆ ಇನ್ನೇನು ಮಾಡಿಯಾಳು? ಆಮೇಲೆ ಸೆರಗಿನಿಂದ ಮುಖ ಒರೆಸಿಕೊಂಡು, "ಹಳೇದು ಇಳಿಸು ಕಾಕಾ, ಹೊಸದು ಕಟ್ಟು. ನನ್ನ ಮನಸ್ಸು ಒಪ್ಪೂದಿಲ್ಲ," ಎಂದಳು.

ಮೈಲಾರಪ್ಪ ಇಳಿಸಲೆಂದು ಹಳೆಯ ತೊಟ್ಟಿಲಿಗೆ ಕೈ ಹಾಕಿ ಒಂದು ಮೂಲೆಯನ್ನು ಎತ್ತಿದ. ಹಗ್ಗ ಸಡಿಲವಾಗಿ ಅವನ ಕೈಗೇ ಬಂದುಬಿಟ್ಟಿತು. ಅದು ದುರುಗವ್ವ ಮಾತಾಡಿದಾಗ ಅವನು ಕಟ್ಟುತ್ತಿದ್ದ ಮೂಲೆ. ಗಂಟು ಬಿಗಿದೇ ಇರಲಿಲ್ಲ. ಮೂರು ದಿನ ಕೂಸು ಆ ಒಂದು ಸುತ್ತಿನ ಮೇಲೆ ತೂಗಿತ್ತು. ಇನ್ನೊಂದು ದಿನ ತೂಗಿದ್ದರೆ ಏನಾಗುತ್ತಿತ್ತೆಂದು ಹೇಳಬೇಕಾಗಿಲ್ಲ.

ಅವನು ಹೊಸ ತೊಟ್ಟಿಲಿನ ಹಗ್ಗಗಳನ್ನೂ ಎಳೆದು ನೋಡಿದ. ಅದರಲ್ಲಿ ಎರಡು ಮೂಲೆ ಸಡಿಲ. ಮೂರು ದಿನವೂ ಅವನ ಕೈ ಬಿದಿರಿನ ಮೇಲಿತ್ತು, ಮನಸ್ಸು ಮಸಣದಲ್ಲಿತ್ತು.

"ತಪ್ಪಾತು ತಾಯಿ," ಎಂದ ಅವನು. "ಸಾವು ಬಿದಿರಿನಾಗೈತಿ ಅಂತ ಹೆದರಿಕೊಂಡು, ನಾನ ಅದನ್ನ ಗಂಟಿನಾಗ ಇಟ್ಟಿದ್ನಿ."

ಶಾಂತವ್ವ ಎರಡೂ ತೊಟ್ಟಿಲುಗಳನ್ನು ನೋಡಿದಳು. "ಹಂಗಾರ ಯಾವುದು ಚಲೋದು ಕಾಕಾ?"

ಮೈಲಾರಪ್ಪನಿಗೂ ಅದು ತಿಳಿಯದು. ಶುಭ ಯಾವುದು, ಅಶುಭ ಯಾವುದು ಎಂದು ಅವನಿಗೆ ಇನ್ನೂ ಬಗೆಹರಿದಿರಲಿಲ್ಲ. ಕಟ್ಟುವುದೊಂದು ಮಾತ್ರ ಅವನಿಗೆ ಗೊತ್ತಿತ್ತು. "ಈಗ ನಿನ್ನ ಕಣ್ಣ ಮುಂದ ಕಟ್ಟತೀನಲ್ಲ, ಅದು," ಎಂದ.

ಅವನು ಹಳೆಯ ತೊಟ್ಟಿಲ ಮುಂದೆಯೇ ಕೂತ. ಕೈಗೆ ಸಿಕ್ಕಿದ್ದು ಅದು. ನಾಲ್ಕೂ ಗಂಟು ಬಿಚ್ಚಿ ಮತ್ತೆ ಬಿಗಿದ. ಆ ಹೊತ್ತಿನಲ್ಲಿ ಅದು ಯಾರ ಬಿದಿರೆಂದು ಒಮ್ಮೆಯೂ ನೆನೆಯಲಿಲ್ಲ. ಕಟ್ಟಿ ಮುಗಿಸಿ ತೂಗುಹಾಕಿ, ತನ್ನ ಮೈಭಾರವನ್ನೆಲ್ಲ ಬಿಟ್ಟು ಜೋತುಬಿದ್ದು ನೋಡಿದ. ಒಂದು ಗಂಟೂ ಜಾರಲಿಲ್ಲ. ಶಾಂತವ್ವ ತಾನೂ ಒಂದೊಂದು ಗಂಟನ್ನು ಎಳೆದು ನೋಡಿದಳು. ಮತ್ತೆ ತಾನೇ ಬಾಗಿ ಕೂಸನ್ನು ಅದರಲ್ಲಿ ಮಲಗಿಸಿದಳು. ಕೂಸು ಬೆರಳು ಚೀಪುತ್ತ ನಿದ್ದೆ ಹೋಯಿತು. ಅದಕ್ಕೆ ಯಾವ ಬಿದಿರಾದರೇನು.

"ಹೊಸದು ಬಿಗದು ಇಟ್ಟಿರು," ಎಂದಳು ಹಾಲವ್ವಜ್ಜಿ ತೊಟ್ಟಿಲ ಹಗ್ಗ ಹಿಡಿಯುತ್ತ. "ಊರಾಗ ಕೂಸು ಹುಟ್ಟೂದೇನು ನಿಲ್ಲೂದಿಲ್ಲ. ನನ್ನ ಗಳ ಮಾತ್ರ ಮೊಮ್ಮಗಳ ಮಗ ತಗೊಂಡ. ನನಗಿನ್ನ ಬ್ಯಾರೆ ಕಡೀಬೇಕು. ಕಡಿಯೋ ದಿನ ಕಡಿ, ಮೊದಲ ಕಡೀಬ್ಯಾಡ."

ಅಜ್ಜಿ ತೂಗುತ್ತಿದ್ದಳು. ಮೈಲಾರಪ್ಪ ಅಲ್ಲೇ ಕೂತು ಹೊಸ ತೊಟ್ಟಿಲಿನ ಸಡಿಲ ಗಂಟುಗಳನ್ನು ಬಿಚ್ಚತೊಡಗಿದ.

ನೀತಿ: ಹುಟ್ಟಿದ ಎಲ್ಲರಿಗೂ ಸಾವುಂಟು. ಅದು ಎಲ್ಲಿ ಅಡಗಿದೆ ಎಂದು ಹುಡುಕಿ ಬಗೆಹರಿಸಿದವರು ಯಾರೂ ಇಲ್ಲ, ಈ ಕಥೆ ಹೇಳಿದವರಿಗೂ ಗೊತ್ತಿಲ್ಲ. ಸಾವಿಗೆ ಹೆದರಿ ಕೈಯಲ್ಲಿರುವ ಕೆಲಸವನ್ನು ಸಡಿಲ ಬಿಡಬೇಡಿ. ಬಿದಿರು ಯಾರದೇ ಇರಲಿ, ಗಂಟು ಬಿಗಿಯಾಗಿರಲಿ.